ಎರಡು ಗೋಲುಗಳಾಚೆಯ ತುರಾಂ

ಫ್ರಾನ್ಸ್ ರಾಷ್ಟ್ರೀಯ ತಂಡದ ಪರವಾಗಿ 142 ಪಂದ್ಯಗಳನ್ನಾಡಿದ ಲಿಲಿಯಾನ್ ತುರಾಂ ಗಳಿಸಿದ ಗೋಲುಗಳು ಎರಡೇ ಎರಡು. ಆ ಎರಡೂ ಒಂದೇ ರಾತ್ರಿ, ಒಂದೇ ಪಂದ್ಯದಲ್ಲಿ ಬಂದವು: 1998ರ ಜುಲೈ 8ರಂದು ಕ್ರೊವೇಷ್ಯಾ ವಿರುದ್ಧ ನಡೆದ ವಿಶ್ವಕಪ್ ಸೆಮಿಫೈನಲ್‌ನಲ್ಲಿ. ತುರಾಂ ಹೆಸರೆತ್ತಿದರೆ ಸಾಕು, ಫುಟ್‌ಬಾಲ್ ಪ್ರಿಯರ ಮಾತು ಆ ರಾತ್ರಿಯತ್ತ ಹೊರಳುತ್ತದೆ. ಆ ಗೋಲುಗಳಿಲ್ಲದೆ ಫ್ರಾನ್ಸ್ ಅಂದು ಫೈನಲ್ ತಲುಪುತ್ತಿರಲಿಲ್ಲವಾದ್ದರಿಂದ ಅದು ಸಹಜವೂ ಹೌದು. ಆದರೂ ಎದುರಾಳಿಗೆ ಗೋಲು ಸಿಗದಂತೆ ನೋಡಿಕೊಳ್ಳುವುದನ್ನೇ ಹದಿನೇಳು ಹದಿನೆಂಟು ವರ್ಷಗಳ ಕಾಲ ಕಸುಬಾಗಿಸಿಕೊಂಡಿದ್ದ ಆಟಗಾರರೊಬ್ಬರನ್ನು ಅವರು ಹೊಡೆದ ಗೋಲುಗಳಿಂದ ಮಾತ್ರ ನೆನೆಯುವುದು ಅವರಿಗೆ ಸಲ್ಲಬೇಕಾದ ಗೌರವದ ಸಣ್ಣ ಪಾಲು ಮಾತ್ರ ಎಂದು ನನಗೆ ಅನ್ನಿಸುತ್ತದೆ. ಆ ಎರಡು ಗೋಲುಗಳನ್ನೂ ರಕ್ಷಣಾ ಆಟಗಾರನ ಕೆಲಸದ ಭಾಗವಾಗಿಯೇ ನೋಡಬೇಕು ಎಂಬುದು ನನ್ನ ವಾದ.

ಮೊದಲು ಆ ಪಂದ್ಯವನ್ನೇ ತೆಗೆದುಕೊಳ್ಳೋಣ. ಪ್ಯಾರಿಸ್ ಪಕ್ಕದ ಸ್ಯಾಂ ದೆನಿಯಲ್ಲಿ ಆ ವರ್ಷವೇ ಉದ್ಘಾಟನೆಗೊಂಡಿದ್ದ ಸ್ತಾದ್ ದ ಫ್ರಾನ್ಸ್ ಕ್ರೀಡಾಂಗಣ. ಮೊದಲಾರ್ಧ ಗೋಲಿಲ್ಲದೆ ಮುಗಿದಿತ್ತು. ವಿರಾಮದ ನಂತರ ಆಟ ಆರಂಭವಾಗುತ್ತಿದ್ದಂತೆಯೇ ಕ್ರೊವೇಷ್ಯಾದ ಅಲ್ಯೋಶಾ ಅಸನೋವಿಚ್ ಫ್ರಾನ್ಸ್ ರಕ್ಷಣಾ ಸಾಲಿನ ಬೆನ್ನ ಹಿಂದಕ್ಕೆ ಚೆಂಡನ್ನು ತೂರಿಸಿದರು. ಅವರ ಸಹ ಆಟಗಾರ ದಾವೊರ್ ಶೂಕರ್ ಅದನ್ನು ಹಿಡಿದು ಗೋಲ್‌ಕೀಪರ್ ಬಾರ್ತೆಜ್ ಅವರನ್ನು ದಾಟಿಸಿ ಗೋಲು ಹೊಡೆದರು. ಆ ದೃಶ್ಯವನ್ನು ನಿಲ್ಲಿಸಿ ನೋಡಿದರೆ ಒಂದು ಸಂಗತಿ ಸ್ಪಷ್ಟವಾಗುತ್ತದೆ. ಉಳಿದ ರಕ್ಷಣಾ ಆಟಗಾರರು ಒಂದು ಗೆರೆಗೆ ಬಂದು ನಿಂತಿದ್ದಾರೆ, ಬಲಬದಿಯಲ್ಲಿದ್ದ ತುರಾಂ ಮಾತ್ರ ಅವರಿಗಿಂತ ಹಿಂದೆ ಉಳಿದಿದ್ದಾರೆ. ಅವರೂ ಸಕಾಲಕ್ಕೆ ಮುಂದೆ ಬಂದಿದ್ದರೆ ಶೂಕರ್ ರಕ್ಷಣಾ ಸಾಲಿನ ಆಚೆ ನಿಂತವರಾಗಿ ಆಫ್‌ಸೈಡ್ ಆಗುತ್ತಿದ್ದರು, ಗೋಲು ಲೆಕ್ಕಕ್ಕೆ ಬರುತ್ತಿರಲಿಲ್ಲ. ರಕ್ಷಣಾ ಸಾಲು ನಾಲ್ವರೂ ಒಟ್ಟಾಗಿ ಚಲಿಸಿದಾಗ ಮಾತ್ರ ಸಾಲು. ಒಬ್ಬರು ಹಿಂದುಳಿದರೆ ಮಿಕ್ಕ ಮೂವರ ಶಿಸ್ತು ಇದ್ದೂ ಇಲ್ಲದಂತೆ. ಆ ಟೂರ್ನಿಯಲ್ಲಿ ಫ್ರಾನ್ಸ್ ಅಲ್ಲಿಯವರೆಗೆ ಬಿಟ್ಟುಕೊಟ್ಟಿದ್ದ ಏಕೈಕ ಗೋಲು ಡೆನ್ಮಾರ್ಕ್‌ನ ಮೈಕೆಲ್ ಲೌಡ್ರಪ್ ಹೊಡೆದ ಪೆನಾಲ್ಟಿ. ಆಟದ ನಡುವೆ ಬಂದ ಮೊದಲ ಗೋಲು ಇದು, ಅದಕ್ಕೆ ಕಾರಣ ಯಾರೆಂಬುದು ತುರಾಂ ಅವರಿಗೆ ಎಲ್ಲರಿಗಿಂತ ಚೆನ್ನಾಗಿ ಗೊತ್ತಿತ್ತು.

ಒಂದು ನಿಮಿಷ ಕಳೆಯುವುದರೊಳಗೆ ಅವರು ಎದುರಾಳಿಯ ಪೆನಾಲ್ಟಿ ಪ್ರದೇಶದ ಬಳಿ ಇದ್ದರು. ಕ್ರೊವೇಷ್ಯಾ ನಾಯಕ ಜ್ವೊನಿಮಿರ್ ಬೊಬನ್ ತಮ್ಮ ಗೋಲಿನ ಹತ್ತಿರ ಚೆಂಡನ್ನು ಕಾಲಲ್ಲಿಟ್ಟುಕೊಂಡು ಸ್ವಲ್ಪ ಹೆಚ್ಚೇ ಹೊತ್ತು ನಿಂತರು. ತುರಾಂ ಅವರ ಮೇಲೆರಗಿ ಚೆಂಡನ್ನು ಕಸಿದು, ಯೂರಿ ಜೋರ್ಕಾಯೆಫ್ ಅವರಿಗೆ ಕೊಟ್ಟು, ಓಡುತ್ತಲೇ ವಾಪಸು ಪಡೆದು ಬಲಗಾಲಿನಿಂದ ಗೋಲಿಗೆ ಹೊಡೆದರು. ಈ ಗೋಲಿನ ನೆನಪಿನಲ್ಲಿ ಎಲ್ಲರೂ ಕೊನೆಯ ಹೊಡೆತವನ್ನೇ ಹೇಳುತ್ತಾರೆ; ಆದರೆ ಅದರ ಹುಟ್ಟು ಇರುವುದು ಚೆಂಡನ್ನು ಕಸಿದುಕೊಂಡ ಆ ಕ್ಷಣದಲ್ಲಿ. ಎದುರಾಳಿಯ ಕಾಲಿನಿಂದ ಚೆಂಡನ್ನು ಶುದ್ಧವಾಗಿ ತೆಗೆಯುವುದು ತುರಾಂ ಅವರ ನಿತ್ಯದ ಕೆಲಸ. ಅದನ್ನೇ ಅವರು ಅಂದು ತಮ್ಮ ಗೋಲಿನ ಮುಂದೆ ಮಾಡುವ ಬದಲು ಎದುರಾಳಿಯ ಗೋಲಿನ ಮುಂದೆ ಮಾಡಿದರು.

ಎರಡನೆಯ ಗೋಲು ಬಂದದ್ದು ಪಂದ್ಯದ ಎಪ್ಪತ್ತನೆಯ ನಿಮಿಷದ ಆಸುಪಾಸಿನಲ್ಲಿ. ಕ್ರಿಸ್ಟಿಯನ್ ಕರೆಂಬೊ ಮೊದಲಾರ್ಧದಲ್ಲೇ ಹೊರಹೋಗಿ ಯುವ ಆಟಗಾರ ತಿಯೆರಿ ಆನ್ರಿ ಅಂಗಳಕ್ಕೆ ಬಂದಿದ್ದರು. ಬಲಬದಿಯಲ್ಲಿ ಆನ್ರಿ ಜೊತೆ ಚೆಂಡನ್ನು ಹಂಚಿಕೊಂಡು ಮುನ್ನುಗ್ಗಿದ ತುರಾಂ, ರಾಬರ್ಟ್ ಯಾರ್ನಿ ಅವರೊಡನೆ ಹೆಣಗಾಡಿ ಚೆಂಡನ್ನು ಬಿಡದೆ, ಪೆನಾಲ್ಟಿ ಪ್ರದೇಶದ ಅಂಚಿನಿಂದ ಎಡಗಾಲಿನಲ್ಲಿ ಹೊಡೆದರು. ಎಡಗಾಲು ಅವರ ಬಲವಾದ ಕಾಲಲ್ಲ. ಚೆಂಡು ಬಾಗುತ್ತ ದೂರದ ಕಂಬದ ಒಳಗೆ ಸೇರಿತು. ಆ ಮೇಲೆ ಅವರು ಮೊಣಕಾಲೂರಿ ಕುಳಿತು, ಬೆರಳನ್ನು ತುಟಿಯ ಮೇಲಿಟ್ಟುಕೊಂಡು, ಲೆಕ್ಕವೊಂದು ಹೇಗೆ ಬಗೆಹರಿಯಿತೆಂದು ಯೋಚಿಸುತ್ತಿರುವವರಂತೆ ಕಂಡರು. ಆ ಚಿತ್ರ ಇಂದಿಗೂ ಫ್ರಾನ್ಸಿನ ಕ್ರೀಡಾ ಇತಿಹಾಸದ ಅತ್ಯಂತ ಪರಿಚಿತ ಚಿತ್ರಗಳಲ್ಲೊಂದು. ಸ್ವಲ್ಪ ಹೊತ್ತಿಗೇ ಲೊರಾಂ ಬ್ಲಾಂ ಕೆಂಪು ಕಾರ್ಡ್ ಪಡೆದು ಹೊರನಡೆದರು. ಉಳಿದ ಹೊತ್ತು ಹತ್ತು ಜನರ ತಂಡವು ಮುನ್ನಡೆಯನ್ನು ಕಾಪಾಡಿಕೊಂಡಿತು. 2-1ರಿಂದ ಗೆದ್ದ ಫ್ರಾನ್ಸ್ ನಾಲ್ಕು ದಿನಗಳ ನಂತರ ಬ್ರೆಜಿಲ್ ತಂಡವನ್ನು 3-0ರಿಂದ ಸೋಲಿಸಿ ಮೊದಲ ಬಾರಿಗೆ ವಿಶ್ವಕಪ್ ಎತ್ತಿತು. ಟೂರ್ನಿಯ ಶ್ರೇಷ್ಠ ಆಟಗಾರರ ಪಟ್ಟಿಯಲ್ಲಿ ರೊನಾಲ್ಡೊ ಮತ್ತು ಶೂಕರ್ ನಂತರದ ಮೂರನೆಯ ಸ್ಥಾನ ತುರಾಂ ಅವರದಾಯಿತು. ರೈಟ್ ಬ್ಯಾಕ್ ಸ್ಥಾನದಲ್ಲಿ, ಅಂದರೆ ರಕ್ಷಣಾ ಸಾಲಿನ ಬಲ ಅಂಚಿನಲ್ಲಿ, ಆಡುವವರಿಗೆ ಇಂಥ ಮನ್ನಣೆ ತೀರಾ ಅಪರೂಪ.

ತರಬೇತುದಾರ ಎಮೆ ಜಾಕೆ ರೂಪಿಸಿದ್ದ ಆ ತಂಡದ ರಚನೆಯನ್ನು ಗಮನಿಸಿದರೆ ತುರಾಂ ಹೊತ್ತಿದ್ದ ಹೊರೆಯ ಅಂದಾಜು ಸಿಗುತ್ತದೆ. ಮಧ್ಯಭಾಗದಲ್ಲಿ ದೆಶಾಂ, ಪೆಟಿ, ಕರೆಂಬೊ ಅವರಂಥ ಕಾವಲು ಮನೋಭಾವದ ಆಟಗಾರರು, ಅವರ ಮುಂದೆ ಜಿದಾನ್ ಮತ್ತು ಜೋರ್ಕಾಯೆಫ್. ಹೀಗೆ ನಡುಭಾಗ ದಟ್ಟವಾಗಿದ್ದರಿಂದ ಅಂಚುಗಳಲ್ಲಿ ಓಡುವ ಖಾಯಂ ವಿಂಗರ್‌ಗಳಿಗೆ ಜಾಗವೇ ಇರಲಿಲ್ಲ. ಅಂಗಳದ ಅಗಲವನ್ನು ಬಳಸುವ ಹೊಣೆ ಎಡಬದಿಯಲ್ಲಿ ಬಿಸೆಂತೆ ಲಿಜರಾಜು, ಬಲಬದಿಯಲ್ಲಿ ತುರಾಂ ಅವರ ಮೇಲೆ ಬಿತ್ತು. ಮೇಲೇರಬೇಕು, ಚೆಂಡು ಕೈತಪ್ಪಿದ ಕೂಡಲೇ ಹಿಂದಿರುಗಿ ಸಾಲನ್ನು ಸೇರಿಕೊಳ್ಳಬೇಕು. ತುರಾಂ ಅವರಿಗೆ ಇಷ್ಟವಾಗಿದ್ದದ್ದು ರಕ್ಷಣೆಯ ನಡುವಿನ ಸ್ಥಾನ; ಆದರೆ ಅಲ್ಲಿ ಬ್ಲಾಂ ಮತ್ತು ಮಾರ್ಸೆಲ್ ಡೆಸಾಯಿ ಇದ್ದುದರಿಂದ ರಾಷ್ಟ್ರೀಯ ತಂಡಕ್ಕಾಗಿ ಅವರು ಬದಿಗೆ ಸರಿದರು. ತುರಾಂ, ಬ್ಲಾಂ, ಡೆಸಾಯಿ, ಲಿಜರಾಜು ನಾಲ್ವರೂ ಒಟ್ಟಿಗೆ ಕಣಕ್ಕಿಳಿದ ಯಾವ ಪಂದ್ಯವನ್ನೂ ಫ್ರಾನ್ಸ್ ಸೋಲಲಿಲ್ಲ. ಏಳು ಪಂದ್ಯಗಳ ಆ ವಿಶ್ವಕಪ್‌ನಲ್ಲಿ ತಂಡ ಬಿಟ್ಟುಕೊಟ್ಟ ಗೋಲುಗಳು ಒಟ್ಟು ಎರಡು. ತುರಾಂ ಅವರ ಹೆಸರಿನ ಜೊತೆ ಎರಡು ಎಂಬ ಅಂಕೆಯನ್ನು ಸೇರಿಸಬೇಕೆಂದಾದರೆ ನಾನು ಈ ಎರಡನ್ನೇ ಮೊದಲು ಸೇರಿಸುತ್ತೇನೆ.

ಅವರು ಹುಟ್ಟಿದ್ದು 1972ರ ಜನವರಿ 1ರಂದು, ಕೆರಿಬಿಯನ್ ಸಮುದ್ರದಲ್ಲಿರುವ ಫ್ರಾನ್ಸಿನ ದ್ವೀಪ ಗ್ವಾಡೆಲೋಪ್‌ನಲ್ಲಿ. ಐವರು ಮಕ್ಕಳನ್ನು ಒಬ್ಬಂಟಿಯಾಗಿ ಸಾಕಿದ ತಾಯಿ ಕೆಲಸ ಅರಸಿ ಮೊದಲು ತಾವು ಪ್ಯಾರಿಸ್ ಪ್ರದೇಶಕ್ಕೆ ಹೋಗಿ, ನಂತರ 1981ರಲ್ಲಿ ಮಕ್ಕಳನ್ನು ಕರೆಸಿಕೊಂಡರು. ಆಗ ತುರಾಂ ಅವರಿಗೆ ಒಂಬತ್ತು ವರ್ಷ. ಆ ದಿನಗಳಲ್ಲಿ ದೂರದರ್ಶನದಲ್ಲಿ ಬರುತ್ತಿದ್ದ ಮಕ್ಕಳ ಕಾರ್ಟೂನಿನಲ್ಲಿ ಎರಡು ಹಸುಗಳಿದ್ದವು. ಬಿಳಿಯದು ಬುದ್ಧಿವಂತ, ಕಪ್ಪು ಹಸು ಪೆದ್ದು. ಹೊಸ ಶಾಲೆಯ ಕೆಲವು ಮಕ್ಕಳು ಈ ಹುಡುಗನನ್ನು ಆ ಕಪ್ಪು ಹಸುವಿನ ಹೆಸರಿನಿಂದ ಕರೆಯತೊಡಗಿದರು. ಮನೆಗೆ ಬಂದು ಏಕೆ ಹೀಗೆ ಎಂದು ಕೇಳಿದಾಗ, ಜನ ಹಾಗೆಯೇ, ಅದು ಬದಲಾಗುವುದಿಲ್ಲ ಎಂಬರ್ಥದ ಉತ್ತರ ತಾಯಿಯಿಂದ ಬಂತು. ಆ ಉತ್ತರ ತಮಗೆ ಸಾಲಲಿಲ್ಲ, ತಾವು ಕಪ್ಪು ವರ್ಣದವರಾದದ್ದು ಆ ಒಂಬತ್ತನೆಯ ವಯಸ್ಸಿನಲ್ಲಿ ಎಂದು ತುರಾಂ ದೊಡ್ಡವರಾದ ಮೇಲೆ ಅನೇಕ ವೇದಿಕೆಗಳಲ್ಲಿ ಹೇಳಿದ್ದಾರೆ. ನಿವೃತ್ತಿಯ ನಂತರ ಅವರು ಕೈಗೆತ್ತಿಕೊಂಡ ಕೆಲಸದ ಬೇರು ಈ ಘಟನೆಯಲ್ಲೇ ಇದೆ.

ಫಾಂತೇನ್‌ಬ್ಲೋ ಬಳಿಯ ಆವೊಂ ಪಟ್ಟಣದಲ್ಲಿ ಬೆಳೆದ ಅವರು ಮೊದಲು ಆಡಿದ್ದು ಅಲ್ಲಿನ ಪೋರ್ಚುಗೀಸ್ ವಲಸಿಗರ ಕ್ಲಬ್ಬಿನಲ್ಲಿ. ಅಲ್ಲಿಂದ ಮೆಲನ್, ಆಮೇಲೆ ಮೊನಾಕೊ. ಮೊನಾಕೊದಲ್ಲಿ ತರಬೇತುದಾರ ಆರ್ಸೇನ್ ವೆಂಗರ್ ಅವರ ಕೈಕೆಳಗೆ ವೃತ್ತಿಪರ ಆಟಗಾರರಾಗಿ ಪಳಗಿದರು. 1994ರ ಆಗಸ್ಟ್ 17ರಂದು ಬೋರ್ಡೊ ನಗರದಲ್ಲಿ ಚೆಕ್ ಗಣರಾಜ್ಯದ ವಿರುದ್ಧ ಅವರು ರಾಷ್ಟ್ರೀಯ ತಂಡಕ್ಕೆ ಪಾದಾರ್ಪಣೆ ಮಾಡಿದರು. ಅದೇ ಪಂದ್ಯದಲ್ಲಿ ಜಿದಾನ್ ಕೂಡ ಮೊದಲ ಬಾರಿಗೆ ಆಡಿ, ಬದಲಿ ಆಟಗಾರರಾಗಿ ಬಂದು ಎರಡು ಗೋಲು ಹೊಡೆದು ಪಂದ್ಯವನ್ನು 2-2ರ ಸಮಬಲಕ್ಕೆ ತಂದರು. ಆ ದಿನದ ಸುದ್ದಿಯೆಲ್ಲ ಜಿದಾನ್ ಸುತ್ತಲೇ ಇದ್ದದ್ದು ಸಹಜ.

1996ರಲ್ಲಿ ತುರಾಂ ಇಟಲಿಗೆ ಹೋದರು. ಅವರ ಆಟ ಪಕ್ವವಾದದ್ದು ಪಾರ್ಮಾದಲ್ಲಿ ಎಂಬುದು ನನ್ನ ಅಭಿಪ್ರಾಯ. ಆಗಿನ ಇಟಲಿ ಲೀಗ್ ಜಗತ್ತಿನ ಅತ್ಯುತ್ತಮ ಮುಂಪಡೆ ಆಟಗಾರರನ್ನೂ ಅತ್ಯಂತ ಕಟ್ಟುನಿಟ್ಟಿನ ರಕ್ಷಣಾ ಶಿಸ್ತನ್ನೂ ಒಂದೇ ಕಡೆ ಸೇರಿಸಿತ್ತು. ಪಾರ್ಮಾದ ಗೋಲಿನಲ್ಲಿ ಎಳೆಯ ವಯಸ್ಸಿನ ಜಾನ್‌ಲುಯಿಜಿ ಬುಫೊನ್, ಅವರ ಮುಂದೆ ಫಾಬಿಯೊ ಕನ್ನವಾರೊ ಮತ್ತು ತುರಾಂ. ಇಷ್ಟು ಬಲಿಷ್ಠವಾದ ಹಿಂಬದಿಯನ್ನು ಅಷ್ಟು ಚಿಕ್ಕ ನಗರದ ಕ್ಲಬ್ಬೊಂದು ಒಟ್ಟುಗೂಡಿಸಿದ್ದು ಈಗ ನೆನೆದರೆ ಅಚ್ಚರಿಯೇ. ಕನ್ನವಾರೊ ಎತ್ತರದಲ್ಲಿ ಚಿಕ್ಕವರು, ನೆಗೆತದಲ್ಲಿ ಮತ್ತು ಚೆಂಡಿನ ಮೇಲೆರಗುವುದರಲ್ಲಿ ಚುರುಕು. ತುರಾಂ ದೃಢಕಾಯರು, ಕೊನೆಯ ಕ್ಷಣದವರೆಗೂ ನಿಂತೇ ಇದ್ದು ಎದುರಾಳಿಯೇ ಮೊದಲ ಹೆಜ್ಜೆ ಇಡುವಂತೆ ಮಾಡುವವರು. ಅವರು ನೆಲಕ್ಕೆ ಜಾರಿ ಚೆಂಡನ್ನು ತಡೆಯುವುದು ಬೇರೆ ದಾರಿ ಉಳಿಯದಿದ್ದಾಗ ಮಾತ್ರ. ಜಾರಿದವರು ಮತ್ತೆ ಏಳುವುದಕ್ಕೆ ಹೊತ್ತು ಬೇಕು, ಅಷ್ಟರಲ್ಲಿ ಆಟ ಮುಂದೆ ಹೋಗಿರುತ್ತದೆ ಎಂಬುದನ್ನು ಬಲ್ಲವರ ಆಟ ಅದು. 1998-99ರ ಋತುವಿನಲ್ಲಿ ಪಾರ್ಮಾ ಇಟಲಿ ಕಪ್ ಜೊತೆಗೆ ಯೂರೋಪಿನ ಕ್ಲಬ್‌ಗಳ ನಡುವಿನ ಯುಇಎಫ್‌ಎ ಕಪ್ಪನ್ನೂ ಗೆದ್ದಿತು. ಮಾಸ್ಕೋದಲ್ಲಿ ನಡೆದ ಫೈನಲ್‌ನಲ್ಲಿ ಸೋತದ್ದು ಫ್ರಾನ್ಸಿನದೇ ಕ್ಲಬ್ಬಾದ ಮಾರ್ಸೆ, ಅಂತರ 3-0.

2000ದ ಯೂರೋ ಕಪ್‌ನಲ್ಲಿ ಫ್ರಾನ್ಸ್ ಮತ್ತೆ ಗೆದ್ದಿತು. ರಾಟರ್‌ಡ್ಯಾಮ್‌ನ ಫೈನಲ್‌ನಲ್ಲಿ ಇಟಲಿ ಮುನ್ನಡೆಯಲ್ಲಿತ್ತು. ಕೊನೆಯ ಗಳಿಗೆಯಲ್ಲಿ ವಿಲ್ಟೋರ್ ಸಮಗೊಳಿಸಿದರು, ಹೆಚ್ಚುವರಿ ಸಮಯದಲ್ಲಿ ಟ್ರೆಜೆಗೆ, ಪಂದ್ಯವನ್ನು ಅಲ್ಲಿಗೇ ಮುಗಿಸುವ ಗೋಲ್ಡನ್ ಗೋಲ್ ಹೊಡೆದರು. ವಿಶ್ವಕಪ್ ಹಿಡಿದಿದ್ದ ತಂಡವೊಂದು ಅದರ ಬೆನ್ನಲ್ಲೇ ಯೂರೋಪಿನ ಕಿರೀಟವನ್ನೂ ಧರಿಸಿದ್ದು ಅದೇ ಮೊದಲು.

ಮರುವರ್ಷ ಯುವೆಂಟಸ್ ಕ್ಲಬ್ ಜಿದಾನ್ ಅವರನ್ನು ರಿಯಲ್ ಮ್ಯಾಡ್ರಿಡ್‌ಗೆ ಮಾರಿ, ಬಂದ ಹಣದ ಬಲದಿಂದ ಬುಫೊನ್, ನೆದ್ವೆದ್ ಮತ್ತು ತುರಾಂ ಅವರನ್ನು ಕೊಂಡಿತು. ಜಗತ್ತಿನ ಶ್ರೇಷ್ಠ ಆಟಗಾರನನ್ನು ಕಳೆದುಕೊಂಡ ತಂಡ 2002 ಮತ್ತು 2003ರಲ್ಲಿ ಸತತವಾಗಿ ಇಟಲಿ ಲೀಗ್ ಗೆದ್ದಿತು. 2003ರ ಚಾಂಪಿಯನ್ಸ್ ಲೀಗ್ ಫೈನಲ್‌ನಲ್ಲಿ ಮಿಲಾನ್ ಎದುರು ಪೆನಾಲ್ಟಿ ಶೂಟೌಟ್‌ನಲ್ಲಿ ಸೋತದ್ದು ತುರಾಂ ಅವರ ಕ್ಲಬ್ ಬದುಕಿನ ದೊಡ್ಡ ನಿರಾಸೆ; ಆ ಕಪ್ ಅವರಿಗೆ ಎಂದೂ ದಕ್ಕಲಿಲ್ಲ. 2005 ಮತ್ತು 2006ರಲ್ಲಿ ತಂಡ ಅಂಗಳದಲ್ಲಿ ಗೆದ್ದ ಪ್ರಶಸ್ತಿಗಳನ್ನು, ಕ್ಲಬ್ ಆಡಳಿತಗಾರರು ರೆಫರಿಗಳ ನೇಮಕದ ಮೇಲೆ ಪ್ರಭಾವ ಬೀರಿದರೆಂಬ ಹಗರಣದ ನಂತರ, ಕಿತ್ತುಕೊಳ್ಳಲಾಯಿತು. ಯುವೆಂಟಸ್ ಎರಡನೆಯ ದರ್ಜೆಗೆ ಇಳಿದಾಗ ತುರಾಂ ಬಾರ್ಸಿಲೋನಾಕ್ಕೆ ಹೋದರು. ಅಲ್ಲಿನ ಎರಡು ಋತುಗಳಲ್ಲಿ ಹೇಳಿಕೊಳ್ಳುವಂಥದ್ದು ಹೆಚ್ಚಿಲ್ಲ.

ಆ ವರ್ಗಾವಣೆಗೆ ಕೆಲವೇ ವಾರಗಳ ಮುಂಚೆ ಆದದ್ದನ್ನು ಮಾತ್ರ ನಿಧಾನವಾಗಿ ಹೇಳಬೇಕು. 2004ರ ಯೂರೋ ಕಪ್‌ನಲ್ಲಿ ಗ್ರೀಸ್ ಎದುರು ಸೋತ ಮೇಲೆ ತುರಾಂ ರಾಷ್ಟ್ರೀಯ ತಂಡದಿಂದ ನಿವೃತ್ತರಾಗಿದ್ದರು. 2005ರಲ್ಲಿ, 2006ರ ವಿಶ್ವಕಪ್ ಅರ್ಹತೆಯೇ ಅನುಮಾನವಾದಾಗ, ಜಿದಾನ್ ಮತ್ತು ಮಕೆಲೆಲೆ ಜೊತೆ ಅವರೂ ಮರಳಿ ಬಂದರು. ಈ ಸಲ ಅವರಿಗೆ ಇಷ್ಟವಾದ ನಡುವಿನ ಸ್ಥಾನವೇ ಸಿಕ್ಕಿತು, ಜೊತೆಗೆ ವಿಲಿಯಂ ಗಲಾಸ್. ವಯಸ್ಸು ಮೂವತ್ತನಾಲ್ಕು, ಓಟದ ವೇಗ ಮೊದಲಿನಂತೆ ಇರಲಿಲ್ಲ; ಆದರೆ ಚೆಂಡು ಎಲ್ಲಿ ಬೀಳಲಿದೆ ಎಂಬುದನ್ನು ಮೊದಲೇ ಗ್ರಹಿಸಿ ಅಲ್ಲಿ ನಿಂತಿರುವವರಿಗೆ ಓಡುವ ಅಗತ್ಯವೇ ಕಡಿಮೆ. ಆ ವಿಶ್ವಕಪ್‌ನಲ್ಲಿ ಸ್ಪೇನ್ ವಿರುದ್ಧ ತುರಾಂ ಮಾಡಿದ ಫೌಲ್‌ನಿಂದಲೇ ಪೆನಾಲ್ಟಿ ಸಿಕ್ಕು ಫ್ರಾನ್ಸ್ ಮೊದಲು ಹಿಂದೆ ಬಿತ್ತು. ಮುಂದೆ ಆ ಪಂದ್ಯವನ್ನು 3-1ರಿಂದ ಗೆದ್ದ ತಂಡ, ರೊನಾಲ್ಡಿನೊ, ಕಾಕಾ, ರೊನಾಲ್ಡೊ ಇದ್ದ ಬ್ರೆಜಿಲ್‌ಗೂ, ನಂತರ ಪೋರ್ಚುಗಲ್‌ಗೂ ಒಂದು ಗೋಲನ್ನೂ ಬಿಟ್ಟುಕೊಡದೆ 1-0ರಿಂದ ಗೆದ್ದು ಫೈನಲ್ ತಲುಪಿತು. ಬರ್ಲಿನ್‌ನ ಫೈನಲ್‌ನಲ್ಲಿ ಇಟಲಿ ಶೂಟೌಟ್‌ನಲ್ಲಿ ಗೆದ್ದಿತು. ಜಗತ್ತು ಆ ರಾತ್ರಿಯನ್ನು ಜಿದಾನ್ ಪಡೆದ ಕೆಂಪು ಕಾರ್ಡಿನಿಂದ ನೆನೆಯುತ್ತದೆ. ಏಳು ಪಂದ್ಯಗಳಲ್ಲಿ, ಶೂಟೌಟ್ ಬಿಟ್ಟರೆ, ಫ್ರಾನ್ಸ್ ಕೊಟ್ಟ ಗೋಲುಗಳು ಮೂರು, ಅವುಗಳಲ್ಲಿ ಒಂದು ಪೆನಾಲ್ಟಿ. ತುರಾಂ ಅವರ ಜೀವಮಾನದ ಶ್ರೇಷ್ಠ ಆಟ ಯಾವುದೆಂದು ಕೇಳಿದರೆ, ಕ್ರೊವೇಷ್ಯಾ ವಿರುದ್ಧದ ರಾತ್ರಿಯ ಬದಲು, ನಾನು ಈ ತಿಂಗಳನ್ನೇ ಆರಿಸುತ್ತೇನೆ.

2008ರಲ್ಲಿ ಪ್ಯಾರಿಸ್ ಸ್ಯಾಂ ಜರ್ಮೇನ್ ಸೇರುವ ಮೊದಲು ನಡೆದ ವೈದ್ಯಕೀಯ ತಪಾಸಣೆಯಲ್ಲಿ ಅವರ ಹೃದಯದಲ್ಲಿ ದೋಷವಿರುವುದು ಪತ್ತೆಯಾಯಿತು. ಒಪ್ಪಂದ ಅಲ್ಲಿಗೇ ನಿಂತಿತು, ಆಗಸ್ಟ್ ಆರಂಭದಲ್ಲಿ ಅವರು ನಿವೃತ್ತಿ ಪ್ರಕಟಿಸಿದರು. ಅದೇ ವರ್ಷ ವರ್ಣಭೇದದ ವಿರುದ್ಧ ಶಿಕ್ಷಣದ ಮೂಲಕ ಕೆಲಸ ಮಾಡುವ ಪ್ರತಿಷ್ಠಾನವೊಂದನ್ನು ತಮ್ಮ ಹೆಸರಿನಲ್ಲಿ ಸ್ಥಾಪಿಸಿದರು.

ಅವರು ಮಾತನಾಡಲು ಶುರುಮಾಡಿದ್ದು ನಿವೃತ್ತಿಯ ನಂತರವಲ್ಲ ಎಂಬುದನ್ನು ಇಲ್ಲಿ ಒತ್ತಿ ಹೇಳಬೇಕು. 1998ರ ಗೆಲುವಿನ ನಂತರ, ಬಗೆಬಗೆಯ ಮೂಲದ ಆಟಗಾರರಿದ್ದ ಆ ತಂಡವನ್ನು ಹೊಸ ಫ್ರಾನ್ಸಿನ ಸಂಕೇತವೆಂದು ಕೊಂಡಾಡಲಾಯಿತು. ಆದರೆ ನಾಲ್ಕೇ ವರ್ಷಗಳಲ್ಲಿ, ಆ ತಂಡದಲ್ಲಿ ಪರದೇಶದವರು ತುಂಬಿದ್ದಾರೆ ಎಂಬರ್ಥದಲ್ಲಿ ಹಿಂದೆಯೇ ಮೂದಲಿಸಿದ್ದ ತೀವ್ರ ಬಲಪಂಥೀಯ ನಾಯಕ ಜಾನ್ ಮಾರಿ ಲೆ ಪೆನ್ ಅಧ್ಯಕ್ಷೀಯ ಚುನಾವಣೆಯ ಅಂತಿಮ ಸುತ್ತು ತಲುಪಿದರು. 2005ರ ಶರತ್ಕಾಲದಲ್ಲಿ ಉಪನಗರಗಳಲ್ಲಿ ಗಲಭೆಗಳಾದಾಗ, ಅಲ್ಲಿನ ಯುವಕರ ಬಗ್ಗೆ ಗೃಹಮಂತ್ರಿ ನಿಕೊಲಾ ಸರ್ಕೋಜಿ ಆಡಿದ್ದ ಕಟು ಮಾತುಗಳನ್ನು ತುರಾಂ ಬಹಿರಂಗವಾಗಿ ಖಂಡಿಸಿದರು. ತಾವೂ ಅಂಥದ್ದೇ ಉಪನಗರದಲ್ಲಿ ಬೆಳೆದವರು, ಹಿಂಸೆ ಕಾರಣವಿಲ್ಲದೆ ಹುಟ್ಟುವುದಿಲ್ಲ ಎಂಬುದು ಅವರ ನಿಲುವಾಗಿತ್ತು. ಮರುವರ್ಷದ ಸೆಪ್ಟೆಂಬರಿನಲ್ಲಿ, ಕಾಶಾಂ ಎಂಬಲ್ಲಿನ ಕಟ್ಟಡದಿಂದ ಪೊಲೀಸರು ತೆರವುಗೊಳಿಸಿದ್ದ ವಲಸಿಗರ ಪೈಕಿ ಹಲವರನ್ನು ಅವರು ಪ್ಯಾಟ್ರಿಕ್ ವಿಯೆರಾ ಜೊತೆ ಸೇರಿ ಫ್ರಾನ್ಸ್–ಇಟಲಿ ಪಂದ್ಯಕ್ಕೆ ಆಹ್ವಾನಿಸಿದರು. ವಿಶ್ವಕಪ್ ಫೈನಲ್‌ನ ಎರಡು ತಿಂಗಳ ನಂತರ ಅದೇ ಎರಡು ತಂಡಗಳು ಸೆಣಸುತ್ತಿದ್ದ ಪಂದ್ಯ ಅದು. ಇಡೀ ದೇಶದ ಕಣ್ಣು ಅದರ ಮೇಲಿತ್ತು. ತಂಡದಲ್ಲಿ ಇನ್ನೂ ಆಡುತ್ತಿರುವ ಆಟಗಾರರೊಬ್ಬರು ಇಂಥ ಹೆಜ್ಜೆ ಇಡಲು ಎಷ್ಟು ಧೈರ್ಯ ಬೇಕೆಂಬುದನ್ನು ಕಡಿಮೆ ಅಂದಾಜು ಮಾಡಬಾರದು.

ಪ್ರತಿಷ್ಠಾನದ ಕೆಲಸದಲ್ಲಿ ನನಗೆ ಮುಖ್ಯವಾಗಿ ಕಾಣುವುದು ಅದು ಹಿಡಿದ ದಾರಿ. ವರ್ಣಭೇದವನ್ನು ಅವರು ಕೆಲವು ಕೆಟ್ಟ ಜನರ ಕೆಟ್ಟ ಗುಣವೆಂದು ನೋಡುವುದಿಲ್ಲ. ಅದು ಚರಿತ್ರೆಯಲ್ಲಿ ಕಟ್ಟಲ್ಪಟ್ಟದ್ದು, ಕಲಿಸಲ್ಪಟ್ಟದ್ದು, ಆದ್ದರಿಂದ ಬಿಡಿಸಿ ತೋರಿಸಬಹುದಾದದ್ದು ಎಂದು ಶಾಲೆಗಳಲ್ಲಿ ಮಕ್ಕಳಿಗೆ ವಿವರಿಸುತ್ತಾರೆ. 2011ರ ಕೊನೆಯಲ್ಲಿ ಪ್ಯಾರಿಸ್‌ನ ಕೆ ಬ್ರಾಂಲಿ ವಸ್ತುಸಂಗ್ರಹಾಲಯದಲ್ಲಿ ಅವರ ಮೇಲ್ವಿಚಾರಣೆಯಲ್ಲಿ ಒಂದು ಪ್ರದರ್ಶನ ನಡೆಯಿತು. ವಸಾಹತುಗಳಿಂದ ಮನುಷ್ಯರನ್ನು ತಂದು ಯೂರೋಪಿನ ಮೇಳಗಳಲ್ಲೂ ಮೃಗಾಲಯಗಳಲ್ಲೂ ಜನರ ಮುಂದೆ ನಿಲ್ಲಿಸುತ್ತಿದ್ದ ಕಾಲವನ್ನು ಅದು ಚಿತ್ರಗಳು, ಭಿತ್ತಿಪತ್ರಗಳು ಮತ್ತು ದಾಖಲೆಗಳ ಮೂಲಕ ತೋರಿಸಿತು. ಅವರ ತಂಡದ ಸಹ ಆಟಗಾರ ಕರೆಂಬೊ ಅವರ ಮುತ್ತಜ್ಜನನ್ನು 1931ರ ವಸಾಹತು ಪ್ರದರ್ಶನದ ಸಮಯದಲ್ಲಿ ನ್ಯೂ ಕ್ಯಾಲಿಡೋನಿಯಾದಿಂದ ಪ್ಯಾರಿಸ್‌ಗೆ ತಂದು ಹಾಗೆಯೇ ನಿಲ್ಲಿಸಲಾಗಿತ್ತು ಎಂಬುದನ್ನು ನೆನೆದರೆ, ಈ ಚರಿತ್ರೆ 1998ರ ತಂಡದ ಡ್ರೆಸ್ಸಿಂಗ್ ರೂಮಿಗೆ ಎಷ್ಟು ಹತ್ತಿರದಲ್ಲಿತ್ತು ಎಂಬುದು ತಿಳಿಯುತ್ತದೆ.

ಅವರ ಎಲ್ಲ ಮಾತುಗಳೂ ಎಲ್ಲರಿಗೂ ಒಪ್ಪಿಗೆಯಾಗಿಲ್ಲ. 2019ರಲ್ಲಿ ಇಟಲಿಯ ಕ್ರೀಡಾ ಪತ್ರಿಕೆಯೊಂದಕ್ಕೆ ನೀಡಿದ ಸಂದರ್ಶನದಲ್ಲಿ, ಬಿಳಿಯರು ತಮ್ಮನ್ನು ಮೇಲಿನವರೆಂದು ಭಾವಿಸುತ್ತಾರೆ ಎಂಬರ್ಥದಲ್ಲಿ ಅವರು ಹೇಳಿದ್ದು ಫ್ರಾನ್ಸಿನಲ್ಲಿ ದೊಡ್ಡ ವಿವಾದವೆಬ್ಬಿಸಿತು. ವರ್ಣಭೇದ ವಿರೋಧಿ ವಲಯದೊಳಗಿನಿಂದಲೂ ಟೀಕೆ ಬಂತು. ಆ ವಾಕ್ಯವನ್ನಷ್ಟೇ ತೆಗೆದು ನೋಡಿದರೆ ಅದು ಎಲ್ಲರನ್ನೂ ಒಂದೇ ತಕ್ಕಡಿಗೆ ಹಾಕುವಂತೆ ಕೇಳಿಸುತ್ತದೆ ಎಂಬುದನ್ನು ಒಪ್ಪುತ್ತೇನೆ. ಆದರೆ ಇಟಲಿಯ ಕ್ರೀಡಾಂಗಣದಲ್ಲಿ ಕಪ್ಪು ಆಟಗಾರರೊಬ್ಬರನ್ನು ಕೋತಿಯ ಕೂಗುಗಳಿಂದ ಅವಮಾನಿಸಿದ ಸಂದರ್ಭದಲ್ಲಿ ಬಂದ ಪ್ರಶ್ನೆಗೆ ಅದು ಉತ್ತರವಾಗಿತ್ತು, ಮತ್ತು ಅವರು ಹೇಳಹೊರಟಿದ್ದು ವ್ಯಕ್ತಿಗಳ ಬಗ್ಗೆ ಅಲ್ಲ, ಶತಮಾನಗಳಿಂದ ರೂಢಿಯಾದ ಯೋಚನಾಕ್ರಮದ ಬಗ್ಗೆ. ಮರುವರ್ಷ ಅದೇ ವಿಷಯದ ಮೇಲೆ ಅವರು ಇಡೀ ಪುಸ್ತಕವನ್ನೇ ಬರೆದರು.

ಪರಂಪರೆಯ ಮಾತು ಬಂದಾಗ ಇಬ್ಬರು ಮಕ್ಕಳನ್ನು ಬಿಡುವಂತಿಲ್ಲ. ಹಿರಿಯ ಮಗ ಮಾರ್ಕಸ್ ಪಾರ್ಮಾದಲ್ಲಿ ಹುಟ್ಟಿದವರು. ಕಪ್ಪು ಜನರ ಸ್ವಾಭಿಮಾನಕ್ಕಾಗಿ ಹೋರಾಡಿದ ಜಮೈಕಾದ ಮಾರ್ಕಸ್ ಗಾರ್ವಿ ಅವರ ಹೆಸರನ್ನು ತಂದೆ ಇಟ್ಟರು. ಕಿರಿಯ ಮಗನ ಹೆಸರು ಕೆಫ್ರೆನ್, ಪ್ರಾಚೀನ ಈಜಿಪ್ಟಿನ ದೊರೆಯ ಹೆಸರು. 2020ರ ಮೇ ತಿಂಗಳ ಕೊನೆಯಲ್ಲಿ, ಅಮೆರಿಕದಲ್ಲಿ ಜಾರ್ಜ್ ಫ್ಲಾಯ್ಡ್ ಹತ್ಯೆಯಾದ ಕೆಲವೇ ದಿನಗಳಿಗೆ, ಜರ್ಮನಿಯ ಲೀಗ್‌ನಲ್ಲಿ ಗೋಲು ಹೊಡೆದ ಮಾರ್ಕಸ್ ಒಂದು ಮಂಡಿಯೂರಿ ಕುಳಿತು ತಮ್ಮ ಪ್ರತಿಭಟನೆಯನ್ನು ತೋರಿಸಿದರು. 2022ರ ವಿಶ್ವಕಪ್ ಫೈನಲ್‌ನಲ್ಲಿ ಬದಲಿ ಆಟಗಾರರಾಗಿ ಆಡಿದ ಅವರು 2024ರಲ್ಲಿ ಇಂಟರ್ ಮಿಲಾನ್ ಜೊತೆ ಇಟಲಿ ಲೀಗ್ ಗೆದ್ದರು. ಅದೇ ವರ್ಷ ಕೆಫ್ರೆನ್ ತಂದೆಯ ಹಳೆಯ ಕ್ಲಬ್ಬಾದ ಯುವೆಂಟಸ್ ಸೇರಿದರು. ಇಬ್ಬರೂ ರಕ್ಷಣಾ ಆಟಗಾರರಲ್ಲ: ಒಬ್ಬರು ಮುಂಪಡೆಯಲ್ಲಿ, ಇನ್ನೊಬ್ಬರು ಮಧ್ಯಭಾಗದಲ್ಲಿ. ರಾಷ್ಟ್ರೀಯ ತಂಡದಲ್ಲಿ ತಂದೆಯ ಗೋಲುಗಳ ಲೆಕ್ಕವನ್ನು ದಾಟಲು ಮುಂಪಡೆಯ ಮಗನಿಗೆ ಹೆಚ್ಚು ಕಾಲ ಬೇಕಿಲ್ಲ.

ಪಂದ್ಯಗಳ ಲೆಕ್ಕ ಮಾತ್ರ ಬೇರೆ. 2006ರಲ್ಲಿ ಡೆಸಾಯಿ ಅವರ 116 ಪಂದ್ಯಗಳ ದಾಖಲೆಯನ್ನು ದಾಟಿದ ತುರಾಂ ಅದನ್ನು 142ಕ್ಕೆ ಒಯ್ದು ನಿಲ್ಲಿಸಿದರು. ಹದಿನಾಲ್ಕು ವರ್ಷಗಳ ಕಾಲ ಅದು ಅಲುಗಾಡಲಿಲ್ಲ. 2022ರ ವಿಶ್ವಕಪ್‌ನಲ್ಲಿ ಇಂಗ್ಲೆಂಡ್ ವಿರುದ್ಧದ ಕ್ವಾರ್ಟರ್ ಫೈನಲ್ ಆಡಿದಾಗ ಉಗೊ ಲೊರಿಸ್ ಅದನ್ನು ಮುರಿದರು. ಲೊರಿಸ್ ಗೋಲ್‌ಕೀಪರ್, ಹಾಗಾಗಿ ಗೋಲಿನಿಂದಾಚೆ ನಿಂತು, ಓಡಿ, ಮೈಗೆ ಮೈ ತಾಗಿಸಿ ಆಡಿದ ಫ್ರೆಂಚ್ ಆಟಗಾರರಲ್ಲಿ ತುರಾಂ ಅವರ ಸಂಖ್ಯೆಯನ್ನು ಲೊರಿಸ್ ದಾಖಲೆ ಬರೆದ ಆ ದಿನದವರೆಗೂ ಯಾರೂ ಮುಟ್ಟಿರಲಿಲ್ಲ.